ಮಲ್ಲಪ್ಪ ಬಾಯಿ ತೆರೆದ ದಿನ

ಮಾತೆ ಮರಿಯಮ್ಮನವರ ಭಕ್ತರೇ, ಹೋದ ಬೇಸಿಗೆಯಲ್ಲಿ ನನ್ನ ಮಗಳು ಸ್ಟೆಲ್ಲಾಳನ್ನು ಪೊಲೀಸರು ಠಾಣೆಗೆ ಕರೆಸಿದರು. ರಾಯಚೂರಿನ ಹೊರವಲಯದ ಕೆಮಿಕಲ್ ಕಾರ್ಖಾನೆಯ ಕಂಟ್ರೋಲ್ ರೂಮಿನಲ್ಲಿ ಅವಳ ಕೆಲಸ. ಇಡೀ ಪ್ಲಾಂಟಿನ ವಾಲ್ವು, ಪಂಪು ಅವಳ ಮುಂದಿನ ಸ್ಕ್ರೀನಿನಲ್ಲಿ. ಒಂದು ಕ್ಲಿಕ್ಕಿಗೆ ಎಲ್ಲೋ ದೂರದ ಪೈಪಿನಲ್ಲಿ ಸ್ಟೀಮ್ ನುಗ್ಗುತ್ತದೆ. ಆದರೆ ಅಲ್ಲೊಂದು ಪದ್ಧತಿ: ಪೈಪಿನ ಹತ್ತಿರ ಇರುವವನು ಕಣ್ಣಾರೆ ನೋಡಿ, ವಾಕಿಟಾಕಿಯಲ್ಲಿ “ನೋಡೀನಿ, ಬಿಡ್ರಿ” ಅನ್ನಬೇಕು. ಆಮೇಲೇ ಕ್ಲಿಕ್.

ಆ ದಿನ ಅರಕೇರಾದ ಮಲ್ಲಪ್ಪ ಪೈಪಿನ ಬೋಲ್ಟ್ ಬಿಗಿ ಮಾಡುತ್ತಿದ್ದ. ಅವನು ಹೇಳುವ ಮೊದಲೇ ಶಿಫ್ಟ್ ಇನ್‌ಚಾರ್ಜ್ ಸ್ಟೆಲ್ಲಾಳ ಭುಜದ ಮೇಲಿಂದ ಕೈ ಚಾಚಿ ಕ್ಲಿಕ್ ಮಾಡಿದ. ಮಲ್ಲಪ್ಪ ಮೈಯೆಲ್ಲ ಬೆಂದು ಆಸ್ಪತ್ರೆ ಸೇರಿದ. ಕಂಪ್ಯೂಟರಿನಲ್ಲಿ ದಾಖಲಾದದ್ದು ನನ್ನ ಮಗಳ ಹೆಸರು. “ಆಕಿನೇ ಒತ್ಯಾಳ” ಅಂದ ಇನ್‌ಚಾರ್ಜ್.

“ಮಮ್ಮೀ, ನಾ ‘ತಡೀರಿ ಸರ್’ ಅಂದದ್ದು ವಾಕಿಟಾಕಿಯೊಳಗ ಮಲ್ಲಪ್ಪಗ ಕೇಳಿಸೇದ. ಅವ ಒಬ್ಬನೇ ಸಾಕ್ಷಿ” ಎಂದು ಸ್ಟೆಲ್ಲಾ ಫೋನಿನಲ್ಲಿ ಅತ್ತಳು.

ಮಾನ್ವಿಯಿಂದ ರಾಯಚೂರಿನ ಬಸ್ ಹತ್ತಿದೆ. ಕಲ್ಲೂರು ದಾಟುವಷ್ಟರಲ್ಲಿ ಕೈಯಲ್ಲಿನ ಜಪಮಾಲೆ, ನನ್ನ ರೋಸರಿ, ಬೆವರಿಗೆ ಜಾರುತ್ತಿತ್ತು. ಕಾನ್ವೆಂಟಿನಲ್ಲಿ ನಮ್ಮ ಸಿಸ್ಟರ್ ಹೇಳುತ್ತಿದ್ದರು, “ಪ್ರೇಯರ್ ಎಕ್ಸಾಕ್ಟ್ ಆಗಿರಬೇಕು, ಮೈ ಚೈಲ್ಡ್.” ಎಂಥ ಮೆತ್ತನೆಯ ದನಿ ಅದು! ಹಾಗೆಯೇ ಬೇಡಿದೆ: “ಮದರ್, ಮಲ್ಲಪ್ಪ ಒಮ್ಮೆ ಬಾಯಿ ತೆರೆದು ನಿಜ ಹೇಳಲಿ. ಅಷ್ಟು ಸಾಕು.”

ಆಸ್ಪತ್ರೆಯ ವಾರ್ಡಿನ ಹೊರಗೆ ಮಲ್ಲಪ್ಪನ ತಾಯಿ ಕೂತಿದ್ದಳು. ನಾನು ಸ್ಟೆಲ್ಲಾಳ ತಾಯಿ, ರಿಟೈರಾದ ಟೀಚರ್ ಎಂದು ತಿಳಿದೂ ಸರಿದು ಜಾಗ ಕೊಟ್ಟಳು. “ಕುಂದರ್ರಿ ಟೀಚರವ್ವಾ. ಸುಟ್ಟವರು ಯಾರಾದ್ರೇನು, ಸುಟ್ಟದ್ದು ನನ್ನ ಮಗನ್ನ.”

“ನೋ ಹೋಪ್, ಮಾತು ಬರೋದಿಲ್ಲ” ಅಂದಿದ್ದರು ಡಾಕ್ಟರು. ಮಧ್ಯಾಹ್ನ ಮಲ್ಲಪ್ಪ ಕಣ್ಣು ಬಿಟ್ಟ. ಪೊಲೀಸರ ಮುಂದೆ, ಡಾಕ್ಟರ ಮುಂದೆ ಹೇಳಿದ: “ಸ್ಟೆಲ್ಲಾ ಮೇಡಂ ತಡೀರಿ ಅಂದ್ರು. ಸಾಹೇಬ್ರು, ಏನಾಗಲ್ಲ ಬಿಡು ಅಂದ್ರು.” ತನ್ನ ಅವ್ವನನ್ನು ಕರೆಯಲಿಕ್ಕೆ ಉಸಿರು ಉಳಿಯಲಿಲ್ಲ.

ನನ್ನ ಮಗಳು ಮನೆಗೆ ಬಂದಳು. ಆ ತಾಯಿಯ ಮಗ ಹೆಣವಾಗಿ ಆಂಬುಲೆನ್ಸಿನಲ್ಲಿ ಅರಕೇರಾಕ್ಕೆ ಹೊರಟ. ಹತ್ತುವ ಮುನ್ನ ಆಕೆ ನನ್ನ ರೋಸರಿ ನೋಡಿ ಕೇಳಿದಳು: “ಏನು ಬೇಡಿಕೊಂಡ್ರಿ?”

ಇದ್ದದ್ದನ್ನೇ ಹೇಳಿದೆ.

“ಅವ ಉಳೀಲಿ ಅಂತ ಇನ್ನೊಂದು ಮಾತು ಸೇರಿಸಿದ್ರ ನಿಮ್ಮದೇನು ಹೋಗ್ತಿತ್ತು ಯವ್ವಾ?”

ಭಕ್ತರೇ, ಮಾತೆ ಕೇಳಿಸಿಕೊಳ್ಳುತ್ತಾಳೆ. ನನಗೀಗ ಎಳ್ಳಷ್ಟೂ ಡೌಟ್ ಇಲ್ಲ. ಬೇಡಿದ್ದನ್ನು ಒಂದಕ್ಷರ ಹೆಚ್ಚಿಲ್ಲದೆ, ಕಡಿಮೆಯಿಲ್ಲದೆ ಕೊಟ್ಟಳು. ಅವಳ ಪಾದಕ್ಕೆ ನನ್ನ ವಂದನೆ. ಈಗ ರೋಸರಿ ಹಿಡಿಯುವ ಮುನ್ನ, ನನ್ನ ಬೇಡಿಕೆ ಹಾಯುವ ದಾರಿಯಲ್ಲಿ ಯಾರು ನಿಂತಿದ್ದಾರೆಂದು ನೋಡುತ್ತೇನೆ. ನೀವೂ ನೋಡಿ. ಆಮೇಲೆ ಬೇಡಿ.