ಇಲಿಯಲ್ಲದ ಇಲಿಗೆ ಜಿರಳೆ ಹಿಡಿಯುವ ಬೋಜಣ್ಣ

ಒಮಾನಿನ ರುಸೈಲ್ ಕೈಗಾರಿಕಾ ವಲಯದಲ್ಲಿ ಬೆಳಗಿನ ಬಾಂಗು ಮುಗಿದು ಸ್ವಲ್ಪ ಹೊತ್ತಾಗಿದೆ. ಕಾರ್ಮಿಕರ ಶಿಬಿರದ ಅಡುಗೆಮನೆಯ ಹಿಂದೆ, ಚರಂಡಿಯ ಮುಚ್ಚಳ ಸರಿಸಿ ಮೊಣಕಾಲೂರಿ ಕುಳಿತ ಒಬ್ಬರು ಜಿರಳೆ ಹಿಡಿಯುತ್ತಿದ್ದಾರೆ. ಹೊಡೆದು ಹಿಡಿಯುವುದಲ್ಲ. ಎರಡು ಬೆರಳಲ್ಲಿ, ಮೀಸೆ ಮುರಿಯದ ಹಾಗೆ ಎತ್ತಿ, ಮುಚ್ಚಳಕ್ಕೆ ತೂತು ಕೊರೆದ ಬಿಸ್ಕತ್ತು ಡಬ್ಬಿಯೊಳಗೆ ಬಿಡುತ್ತಾರೆ. ಪಕ್ಕದಲ್ಲೇ ಅವರ ವಿಷದ ಪಂಪು ನಿಂತಿದೆ. ನೀಲಿ ಅಂಗಿಯ ಬೆನ್ನಿನ ಮೇಲೆ ಇಲಿ, ಜಿರಳೆ, ಗೆದ್ದಲು ನಾಶ ಮಾಡುವ ಕಂಪೆನಿಯ ಹೆಸರು ದೊಡ್ಡದಾಗಿದೆ.

ನೋಡುತ್ತ ನಿಂತ ನನಗೆ ಏನೂ ಅರ್ಥವಾಗುವುದಿಲ್ಲ. ಬೋಜಣ್ಣ ತಲೆ ಎತ್ತದೆ ನಗುತ್ತಾರೆ. "ಕೊಲ್ಲುವ ಡ್ಯೂಟಿ ಇನ್ನು ಶುರುವಾಗ್ಬೇಕಷ್ಟೆ. ಇದು ಬೇರೆ. ಈ ಒಂದು ಚರಂಡಿಗೆ ಮದ್ದು ಹೊಡೆಯುವುದಿಲ್ಲ. ನಮ್ಮ ಪೊರ್ಬುಗಳ ಪರ್ಮಿಷನ್ ಉಂಟು."

ಪೊರ್ಬುಗಳು ಎಂದರೆ ಅವರ ಸೂಪರ್‌ವೈಸರ್ ನೊರ್ಬರ್ಟ್, ಶಿರ್ವದ ಕೊಂಕಣಿ ಕ್ರೈಸ್ತರು; ತುಳುವರು ಅವರನ್ನು ಕರೆಯುವುದೇ ಹಾಗೆ. ಬೋಜಣ್ಣ ಪಡುಬಿದ್ರೆ ಕಡೆಯ ತುಳುವರು. ಎಂಬತ್ತರ ದಶಕದ ಆರಂಭದಲ್ಲಿ ಪೇಂಟರ್ ಕೆಲಸಕ್ಕೆಂದು ಒಮಾನಿಗೆ ಬಂದವರು. ಕರೆಸಿಕೊಂಡ ಅಂಗಡಿ ಮುಚ್ಚಿದಾಗ, ವೀಸಾ ಕೊಟ್ಟ ಒಮಾನಿ ಕಫೀಲ್ ಅವರನ್ನು ಇಲಿ ಹಿಡಿಯುವ ಕಂಪೆನಿಗೆ ದಾಟಿಸಿದ. "ಊರಲ್ಲಿ ಇಲಿ ಕಂಡರೆ ಹೆಂಡತಿಯನ್ನು ಕರೀತಿದ್ದವ ನಾನು" ಎನ್ನುತ್ತಾರೆ. ಹೆಂಡತಿ ಉಮಾವತಿ ಊರಲ್ಲೇ ಇದ್ದಾರೆ.

ಆ ಮೇಲೆ ಅವರು ಇಲಿಗಳೊಂದಿಗೇ ಬದುಕಿದ್ದಾರೆ. ದಿನಕ್ಕೆ ಐದಾರು ಗೋದಾಮು. ಜೂನ್ ತಿಂಗಳಲ್ಲಿ ತಗಡಿನ ಮಾಡಿನ ಕೆಳಗೆ ಮೂಗಿಗೆ ಬಟ್ಟೆ ಕಟ್ಟಿ ವಿಷ ಇಡಬೇಕು. ಅಂಗೈ ಚರ್ಮ ಸುಲಿದು ಸುಲಿದು ಈಗ ಗೆರೆಗಳೇ ಕಾಣುವುದಿಲ್ಲ. ಮದ್ದಿನ ವಾಸನೆಗೆ ಕೋಣೆಯವರು ಅವರ ಮಂಚವನ್ನು ಬಾಗಿಲ ಬಳಿಗೆ ಸರಿಸಿದ್ದಾರೆ. "ತಪ್ಪಲ್ಲ, ಗಾಳಿ ಬರ್ತದೆ" ಎಂದು ಅವರೇ ಸಮಾಧಾನ ಹೇಳುತ್ತಾರೆ. ಬಂದರಿನ ಕಪ್ಪಿಲಿ, ಅಂಗಡಿಯ ಸಣ್ಣಿಲಿ, ರುಸ್ತಾಕಿನ ಬಂಡೆಗಳ ನಡುವಿನ ಮುಳ್ಳಿಲಿ, ಎಲ್ಲವೂ ಅವರಿಗೆ ಪರಿಚಿತ. ಮುಳ್ಳಿಲಿಯ ಬಾಲ ಹಿಡಿದರೆ ಚರ್ಮ ಕಳಚಿ ಕೈಯಲ್ಲೇ ಉಳಿಯುತ್ತದಂತೆ.

ಆದರೆ ಈ ಚಳಿಗಾಲದಲ್ಲಿ ಬರ್ಕಾದಲ್ಲಿ ನಡೆದದ್ದು ಅವರನ್ನು ಪೂರ್ತಿ ಗಲಿಬಿಲಿಗೊಳಿಸಿದೆ. ಆ ಗಲಿಬಿಲಿ ಇನ್ನೂ ಇಳಿದಿಲ್ಲ.

ಬರ್ಕಾದಲ್ಲಿ ಅಹ್ಮದ್ ಎಂಬ ಒಮಾನಿ ವ್ಯಾಪಾರಿಯ ಮೇವಿನ ಗೋದಾಮಿದೆ. ಆಡು, ಒಂಟೆ ಸಾಕುವವರು ಅಲ್ಲಿಗೆ ಬರುತ್ತಾರೆ. ಜನವರಿಯಲ್ಲಿ ಆಸ್ಟ್ರೇಲಿಯದಿಂದ ಬಂದ ಒಣಹುಲ್ಲಿನ ಪಿಂಡಿಗಳ ನಡುವೆ ಏನೋ ಓಡಾಡುತ್ತಿದೆ ಎಂದು ಅಹ್ಮದ್ ಹೇಳಿಕಳಿಸಿದರು. ಬೋಜಣ್ಣ ಖರ್ಜೂರ ಕಟ್ಟಿ ಬೋನು ಇಟ್ಟರು. ಖರ್ಜೂರವನ್ನು ಯಾರೂ ಮುಟ್ಟಲಿಲ್ಲ. ಗೋಣಿಗಳನ್ನು ಯಾರೂ ಕಡಿದಿರಲಿಲ್ಲ. ಹುಲ್ಲಿನ ಸಂದಿಯಲ್ಲಿ ಮಾತ್ರ ಜಿರಳೆಯ ರೆಕ್ಕೆಗಳು ಬಿದ್ದಿದ್ದವು.

ಮಾರನೇ ಬೆಳಿಗ್ಗೆ ಒಂದು ಪಿಂಡಿ ಎತ್ತಿದಾಗ ಹೆಬ್ಬೆರಳಿಗಿಂತ ಸ್ವಲ್ಪ ದೊಡ್ಡದೊಂದು ಇಲಿ ಮುದುಡಿ ಬಿದ್ದಿತ್ತು. ಮುಟ್ಟಿದರೆ ಮಂಜುಗಡ್ಡೆಯಷ್ಟು ತಣ್ಣಗೆ. ಸತ್ತಿದೆ ಎಂದು ಕಾರಿನ ಬಾನೆಟ್ ಮೇಲಿಟ್ಟು ಅವರು ಚಹಾ ಕುಡಿಯಲು ಹೋದರು. ಬಿಸಿಲೇರಿತ್ತು. ಬಂದು ಎತ್ತಿಕೊಂಡಾಗ ಸತ್ತದ್ದು ಕಣ್ಣು ಬಿಟ್ಟಿತು. ಬಾಯಿ ತೆರೆದು ಅವರ ಹೆಬ್ಬೆರಳಿಗೆ ಕಚ್ಚಿತು.

"ಇಲಿ ಕಚ್ಚಿದ್ದು ನಂಗೆ ಹೊಸತಲ್ಲ" ಎಂದು ಬೋಜಣ್ಣ ಬೆರಳು ತೋರಿಸುತ್ತಾರೆ. "ಇಲಿ ಕಚ್ಚಿದರೆ ಉಳಿ ತಾಗಿದ ಹಾಗೆ, ಎರಡು ಗುರುತು. ಇದರದ್ದು ಗರಗಸದ ಹಾಗೆ, ಸಾಲಿಗೆ ಚುಕ್ಕಿ. ಮತ್ತೆ ಸತ್ತದ್ದು ಎದ್ದದ್ದು ಹೇಗೆ ಮಾರಾಯ್ರೆ?"

ಅದನ್ನು ಬೋನಿಗೆ ಹಾಕಿ ತಿರುಗಿಸಿ ನೋಡಿದಾಗ ಹೊಟ್ಟೆಯ ಕೆಳಗೆ ಕೆಂಪು ಗಂಟುಗಳ ಗೊಂಚಲು. ಬೋಜಣ್ಣನಿಗೆ ಹೊಳೆದದ್ದು ಒಂದೇ: ರೋಗದ ಇಲಿ. ಪ್ಲೇಗ್ ಎಂಬ ಪದವನ್ನು ಅವರು ಬಾಯಿ ಬಿಟ್ಟು ಹೇಳಲಿಲ್ಲ. ಹೇಳಿದರೆ ಅಹ್ಮದ್‌ನ ಗೋದಾಮು ಮುಚ್ಚುತ್ತದೆ. ತನ್ನ ವೀಸಾ ಹೋಗುತ್ತದೆ. ಹೇಳದಿದ್ದರೆ ಕೋಣೆಯ ಎಂಟು ಮಂದಿಗೆ ತಗಲಬಹುದು. ಆ ರಾತ್ರಿ ಅವರು ಕೋಣೆಗೆ ಹೋಗದೆ, ಬೋನನ್ನು ಪಕ್ಕದಲ್ಲಿಟ್ಟು ಕಂಪೆನಿಯ ಸ್ಟೋರಿನ ಹೊರಗೆ ಚಾಪೆ ಹಾಸಿ ಮಲಗಿದರು.

ಬೆಳಿಗ್ಗೆ ನೊರ್ಬರ್ಟ್ ಅವರನ್ನು ಅಲ್ಲಿ ಕಂಡು ಗಾಬರಿಯಾದರು. ವಿಷಯ ಕೇಳಿ, "ನೀರಲ್ಲಿ ಮುಳುಗಿಸು, ಖಲಾಸ್. ಮತ್ತೆ ಸೀದಾ ಡಾಕ್ಟರ್ ಹತ್ತಿರ ಹೋಗುವ" ಎಂದರು.

ಬೋಜಣ್ಣ ಬಕೆಟಿಗೆ ನೀರು ಹಿಡಿದರು. ಬೋನು ಎತ್ತಿದರು. ಬೆಳಕಿಗೆ ಹಿಡಿದಾಗ ಕೆಂಪು ಗಂಟುಗಳಲ್ಲೊಂದು ಕಾಲು ಆಡಿಸಿತು.

"ಪೊರ್ಬುಗಳೇ, ಗಂಟಿಗೆ ಕಾಲುಂಟು!"

"ಎಂತ ಮಾತಾಡ್ತಿ ನೀನು? ಜ್ವರ ಉಂಟಾ?"

"ನೀವೇ ನೋಡಿ."

ನೊರ್ಬರ್ಟ್ ಬಗ್ಗಿ ನೋಡಿದರು. ಕಡಲೆಬೀಜದಷ್ಟು ದೊಡ್ಡ, ಕೂದಲಿಲ್ಲದ ಮರಿಗಳು ತಾಯಿಯ ಹೊಟ್ಟೆಯ ಮಡಿಕೆಯೊಳಗೆ ಮೊಲೆ ಕಚ್ಚಿಕೊಂಡು ತುಂಬಿದ್ದವು. ಬಕೆಟ್ ಅಲ್ಲೇ ಉಳಿಯಿತು. ಡಾಕ್ಟರರು ಗಾಯ ತೊಳೆದು ಇಂಜೆಕ್ಷನ್ ಕೊಟ್ಟರು. ಬೋನು ನೊರ್ಬರ್ಟ್ ಮನೆಗೆ ಹೋಯಿತು.

ನೊರ್ಬರ್ಟ್ ಪತ್ನಿ ರೋಸಲಿಂಡ್ ಮಸ್ಕತ್ತಿನ ಶಾಲೆಯೊಂದರಲ್ಲಿ ಜೀವಶಾಸ್ತ್ರದ ಟೀಚರ್. ಮೊದಲ ದಿನ ಅವರು ಸೊಂಡಿಲಿ ಎಂದರು. ಚೂಪು ಮೂತಿ ಹಾಗೇ ಇತ್ತು. ಎರಡನೇ ದಿನ, ಸೊಂಡಿಲಿಗೆ ಇಷ್ಟು ದೊಡ್ಡ ಕಿವಿ ಇರುವುದಿಲ್ಲ, ಹೊಟ್ಟೆಯಲ್ಲಿ ಚೀಲವಂತೂ ಇಲ್ಲವೇ ಇಲ್ಲ ಎಂದು ತಲೆ ಕೆರೆದುಕೊಂಡರು. ಭೂತಗನ್ನಡಿ ಹಿಡಿದರು, ಗ್ರಂಥಾಲಯದಿಂದ ಪುಸ್ತಕ ತಂದರು. ಆಮೇಲೆ ಬೋಜಣ್ಣನನ್ನು ಕರೆಸಿ ಕೂರಿಸಿದರು.

"ಬೋಜಣ್ಣ, ಇದು ಇಲಿಯೇ ಅಲ್ಲ. ಇಲಿಗೆ ಎದುರಿಗೆ ಮೇಲೆರಡು, ಕೆಳಗೆರಡು ಉಳಿಹಲ್ಲು. ಕಡಿದಷ್ಟೂ ಬೆಳೆಯುತ್ತದೆ. ಇದಕ್ಕೆ ಎದುರಿಗೇ ಮೇಲೆ ಎಂಟು, ಕೆಳಗೆ ಆರು ಸಣ್ಣ ಹಲ್ಲು, ಪಕ್ಕದಲ್ಲಿ ಕೋರೆ. ಕಾಳು, ಗೋಣಿ ಬೇಡ ಇದಕ್ಕೆ. ಹುಳ ಹಿಡಿದು ತಿನ್ನುವ ಜಾತಿ."

"ಮತ್ತೆ ಸತ್ತು ಎದ್ದದ್ದು?"

"ಸತ್ತಿರಲಿಲ್ಲ. ಚಳಿಗೆ, ಹಸಿವಿಗೆ ಮೈ ತಣ್ಣಗೆ ಮಾಡಿಕೊಂಡು ಹಾಗೆ ಮಲಗುತ್ತದೆ. ಕಾಂಗರೂವಿನ ನೆಂಟ ಇದು. ಮರಿಗಳು ಅಕ್ಕಿಕಾಳಿಗಿಂತ ಚಿಕ್ಕದಿರುವಾಗಲೇ ಹುಟ್ಟಿ, ತೆವಳಿ ಚೀಲ ಸೇರುತ್ತವೆ. ರುಸ್ತಾಕಿನ ಮುಳ್ಳಿಲಿಯ ಮರಿ ನೋಡಿದ್ದೀರಲ್ಲ?"

"ಹ್ಞಾಂ, ಹುಟ್ಟುವಾಗಲೇ ರೋಮ ಇರ್ತದೆ."

"ಅದು ತಾಯಿಯ ಗರ್ಭದಲ್ಲೇ ಬೆಳೆದು ಬರ್ತದೆ. ಇದು ಹೊರಗೆ, ಚೀಲದಲ್ಲಿ ಬೆಳೆಯುತ್ತದೆ. ನೋಡಲಿಕ್ಕೆ ಒಂದೇ ತರ, ಅಷ್ಟೆ. ನೆಂಟಸ್ತಿಕೆ ಲೆಕ್ಕ ಹಾಕಿದರೆ ಇಲಿಗೆ ಇದಕ್ಕಿಂತ ಆನೆ ಹತ್ತಿರ."

ಈ ಮಾತು ಬೋಜಣ್ಣನಿಗೆ ಇವತ್ತಿಗೂ ಜೀರ್ಣವಾಗಿಲ್ಲ. "ಗಣಪತಿಯ ಜೊತೆ ಇಲಿ ಇರುವುದು ಸರಿ" ಎಂದು ಡಬ್ಬಿಯ ಮುಚ್ಚಳ ಬಿಗಿಯುತ್ತ ಹೇಳುತ್ತಾರೆ. "ಆದರೆ ಇಲಿಯ ಹಾಗೇ ಇರುವುದು ಇಲಿಗೆ ಏನೂ ಅಲ್ಲ, ಆನೆ ಹತ್ತಿರದ್ದು ಅಂದ್ರೆ ನಾನೆಂತ ನಂಬುವುದು? ಟೀಚರ್ ಸುಳ್ಳು ಹೇಳುವವರಲ್ಲ." ಫೋನಿನಲ್ಲಿ ಉಮಾವತಿಗೆ ವಿವರಿಸಲು ಹೋದಾಗ, "ಬಿಸಿಲಿಗೆ ತಲೆಗೆ ಎಣ್ಣೆ ಹಾಕಿ" ಎಂಬ ಉತ್ತರ ಸಿಕ್ಕಿತಂತೆ.

ರೋಸಲಿಂಡ್ ಸರ್ಕಾರಿ ಪಶುವೈದ್ಯರಿಗೆ ತಿಳಿಸಿದರು. ಪರದೇಶದ ಪ್ರಾಣಿಯನ್ನು ಹೊರಗೆ ಬಿಡುವಂತಿಲ್ಲ. ಹುಲ್ಲಿನಲ್ಲಿ ಇನ್ನೂ ಇದ್ದರೆ ಹುಡುಕಬೇಕು. ಗೋದಾಮಿಗೆ ವಿಷದ ಹೊಗೆ ಹಾಕಿದರೆ ಸುಲಭವಿತ್ತು. ಬೋಜಣ್ಣ ಅಹ್ಮದ್ ಮುಂದೆ ನಿಂತು, ಮುರುಕು ಹಿಂದಿಯಲ್ಲಿ, ಹೊಗೆ ಬೇಡ, ಕೈಯಲ್ಲೇ ಹುಡುಕುತ್ತೇನೆ ಎಂದರು. ಇಲಿ ಕೊಲ್ಲುವವನೇ ಹೀಗೆ ಕೇಳುವುದು ಅಹ್ಮದ್‌ಗೂ ಅರ್ಥವಾಗಿರಲಿಕ್ಕಿಲ್ಲ. ಆದರೂ "ಯಲ್ಲಾ, ಚಲೋ" ಎಂದು ತಾವೇ ದಿಶ್ದಾಶ ನಿಲುವಂಗಿ ಮೇಲೆ ಕಟ್ಟಿ ಪಿಂಡಿ ಎತ್ತಲು ಬಂದರು. ಇಬ್ಬರೂ ಸೇರಿ ಹುಲ್ಲನ್ನೆಲ್ಲ ಬಿಡಿಸಿ ನೋಡಿದರು. ಮತ್ತೊಂದು ಸಿಗಲಿಲ್ಲ. ಪರೀಕ್ಷೆಯಲ್ಲಿ ರೋಗವೂ ಇಲ್ಲವೆಂದು ಗೊತ್ತಾದ ದಿನ, ಅಲ್ಲಿಯವರೆಗೂ ಸ್ಟೋರಿನ ಹೊರಗೇ ಮಲಗುತ್ತಿದ್ದ ಬೋಜಣ್ಣ ಕೋಣೆಗೆ ಮರಳಿ ತನ್ನ ಮಂಚದಲ್ಲಿ ಮಲಗಿದರು.

ಆದರೆ ಪಶುವೈದ್ಯರು ಅದನ್ನು ಇರಿಸಿಕೊಂಡ ಸರ್ಕಾರಿ ಕೊಠಡಿಯಲ್ಲಿ ತಾಯಿ ಸೊರಗತೊಡಗಿತು. ಹಣ್ಣು, ಕಾಳು ಮುಟ್ಟುತ್ತಿರಲಿಲ್ಲ. ಜೀವಂತ ಹುಳ ಬೇಕು, ವಿಷ ತಾಗದ್ದು ಬೇಕು. ಜಿರಳೆ ಎಲ್ಲಿ ಅಡಗುತ್ತದೆ ಎಂದು ತಿಳಿದವರು ಯಾರು? ಹೀಗೆ ಬೋಜಣ್ಣ, ಡ್ಯೂಟಿಗೆ ಮೊದಲು, ಬಿಸ್ಕತ್ತು ಡಬ್ಬಿ ಹಿಡಿದರು.

ಇಂದು ನಾನೂ ಅವರ ಜೊತೆ ಆ ಕೊಠಡಿಗೆ ಬಂದಿದ್ದೇನೆ. ಮಂದ ಬೆಳಕು. ಗಾಜಿನ ಪೆಟ್ಟಿಗೆಯೊಳಗೆ ಒಣಹುಲ್ಲಿನ ಗೂಡು. ಮರಿಗಳಿಗೆ ಈಗ ರೋಮ ಬಂದಿದೆ. ಚೀಲದಲ್ಲಿ ಹಿಡಿಸುವುದಿಲ್ಲ. ಐದು ಉಳಿದಿವೆ. ಮುಂದಿನ ತಿಂಗಳು ಇವನ್ನೆಲ್ಲ ಬೇರೆ ದೇಶದ ಮೃಗಾಲಯಕ್ಕೆ ಕಳಿಸುತ್ತಾರಂತೆ. ಯಾವ ದೇಶವೆಂದು ಬೋಜಣ್ಣನಿಗೆ ಗೊತ್ತಿಲ್ಲ. ಕೇಳಿದ್ದಾರೆ, ಮರೆತಿದ್ದಾರೆ.

ಅವರು ಡಬ್ಬಿಯನ್ನು ಬೆರಳಿನಿಂದ ಮೆಲ್ಲಗೆ ಬಡಿಯುತ್ತಾರೆ. ಗೂಡು ಅಲುಗುತ್ತದೆ. ಬೆನ್ನ ಮೇಲೆ ಮರಿಗಳನ್ನು ಹೇರಿಕೊಂಡು ತಾಯಿ ಹೊರಬಂದು, ಗಾಜಿಗೆ ಚೂಪು ಮೂತಿ ಒತ್ತಿ ನಿಲ್ಲುತ್ತದೆ.

"ಇಷ್ಟು ವರ್ಷ ನಾನು ಕಾಲಿಟ್ಟಲ್ಲಿಂದ ಎಲ್ಲ ಓಡಿ ಹೋಗ್ತಿದ್ದವು" ಎಂದು ಬೋಜಣ್ಣ ಪಿಸುಗುಡುತ್ತಾರೆ. "ಇದೊಂದು ಮಾತ್ರ ಹೊರಗೆ ಬರ್ತದೆ. ಜಿರಳೆಯ ಆಸೆಗೇ ಇರ್ಬೇಕು. ಆದರೂ, ಬರ್ತದಲ್ಲ?"