ಕೋಚ್ ಮೈಲಾರಪ್ಪನಿಗೆ ಸಿಕ್ಕ ಹುದ್ದೆ

ಮೋಟೆಬೆನ್ನೂರಿನ ಮೈಲಾರಪ್ಪ ಫುಟ್‌ಬಾಲ್ ಕಲಿತದ್ದು ಹುಬ್ಬಳ್ಳಿಯಲ್ಲಿ, ಸೋದರಮಾವನ ಮನೆಯಲ್ಲಿದ್ದು ಕಾಲೇಜು ಓದುವಾಗ. ಎಡಗಾಲಿನಿಂದ ಹೊಡೆಯುವವರು ಕಡಿಮೆ ಎಂದು ಅಲ್ಲಿಯ ಒಂದು ಕ್ಲಬ್ಬಿನವರು ಅವನನ್ನು ಕರೆದು ಆಡಿಸಿದರು. ನಾಲ್ಕಾರು ವರ್ಷ ಚೆನ್ನಾಗಿಯೇ ನಡೆಯಿತು. ಆಮೇಲೆ ಬೆಳಗಾವಿಯ ಒಂದು ಪಂದ್ಯದಲ್ಲಿ ಮೊಣಕಾಲು ತಿರುಚಿತು. ಪಟ್ಟಿ ಬಿಚ್ಚಿಸಿಕೊಂಡು ಮೈದಾನಕ್ಕೆ ಹೋದರೆ ಅವನ ಜಾಗದಲ್ಲಿ ಬೇರೊಬ್ಬ ಓಡುತ್ತಿದ್ದ. ಇನ್ನು ಬರಬೇಡ ಎಂದು ಯಾರೂ ಬಾಯಿಬಿಟ್ಟು ಹೇಳಲಿಲ್ಲ, ಅಷ್ಟೇ.

ಊರಿಗೆ ಬಂದವನು ಬ್ಯಾಡಗಿ ಪೇಟೆಯಲ್ಲಿ ಗುಡದಪ್ಪನವರ ದಲಾಲಿ ಅಂಗಡಿ ಸೇರಿ, ಮೆಣಸಿನಕಾಯಿ ಚೀಲಗಳ ತೂಕ ಬರೆಯತೊಡಗಿದ. ಹೊರಗಿನವರು ಬ್ಯಾಡಗಿಯಲ್ಲಿ ಬಸ್ಸಿಳಿದ ಕೂಡಲೇ ಸೀನುತ್ತಾರೆ. ಪೇಟೆಯಲ್ಲೇ ದುಡಿಯುವವರ ಮೂಗಿಗೆ ಆ ಘಾಟು ಗೊತ್ತೇ ಆಗುವುದಿಲ್ಲ. ಮೈಲಾರಪ್ಪನ ಮೂಗೂ ಹಾಗೆಯೇ ಆಯಿತು. ಆಟ ಮಾತ್ರ ಬಿಡಲಿಲ್ಲ. ಬೆಳಗಿನ ಜಾವ ಹಮಾಲಿ ಮಾಡುವ ಹುಡುಗರನ್ನು ಕಟ್ಟಿಕೊಂಡು ಬಯಲಿನಲ್ಲಿ ಓಡಿಸುತ್ತಿದ್ದ. ಕಬಡ್ಡಿ ಬಿಟ್ಟು ಬೇರೆ ಆಟ ಕಂಡಿರದ ಗುಡದಪ್ಪನವರಿಗೆ ಇದು ಸೇರುತ್ತಿರಲಿಲ್ಲ.

“ನೀ ಮುಂಜಾನೆ ದಣಿಸ್ತಿ, ಅವು ಮಧ್ಯಾಹ್ನ ನನ್ನ ಚೀಲದ ಮ್ಯಾಲ ಮಕ್ಕೋತಾವು. ಪಗಾರ ನೀನ ಕೊಡಪಾ ಇನ್ನ,” ಎಂದು ಚುಚ್ಚುತ್ತಿದ್ದರು.

ಆ ತಂಡದ ಗೋಲ್‌ಕೀಪರ್ ಪ್ರವೀಣಕುಮಾರ. ಇಪ್ಪತ್ತೆರಡರ ಪ್ರಾಯ, ಉದ್ದ ತೋಳು. ಲಾರಿಯ ಮೇಲಿಂದ ಬೀಳುವ ಚೀಲವನ್ನು ಬೆನ್ನಿಗೆ ಆನಿಸಿಕೊಳ್ಳುವವನಿಗೆ ಚೆಂಡು ಒಂದು ಲೆಕ್ಕವಲ್ಲ. ಮೈಲಾರಪ್ಪ ಹೇಳಿದ್ದೆಂದರೆ ಅವನಿಗೆ ಎರಡನೇ ಮಾತಿರಲಿಲ್ಲ.

೨೦೦೭ರಲ್ಲಿ ಹಾವೇರಿಯ ಒಂದು ಕ್ರೀಡಾ ವಸತಿನಿಲಯಕ್ಕೆ ಗುತ್ತಿಗೆಯ ಮೇಲೆ ಕೋಚ್ ಬೇಕಾಗಿದ್ದರು. ಮೈಲಾರಪ್ಪ ಹೋಗಿ ಕೇಳಿದಾಗ, ರಾಣೆಬೆನ್ನೂರಿನ ಟೂರ್ನಿಯಲ್ಲಿ ನಿಮ್ಮ ತಂಡ ಹೇಗೆ ಆಡುತ್ತದೆ ನೋಡಿ ಹೇಳುತ್ತೇನೆ ಎಂದರು ಅಲ್ಲಿಯ ಸಾಹೇಬರು. ಮೈಲಾರಪ್ಪನಿಗೆ ಆಗಲೇ ಮೂವತ್ತೇಳು. ಇದು ತಪ್ಪಿದರೆ ತಕ್ಕಡಿಯ ಮುಂದೆಯೇ ಮುದುಕನಾಗುತ್ತೇನೆ ಎಂದು ಹೆಂಡತಿ ಸುರೇಖಾಳ ಮುಂದೆ ಹೇಳಿಕೊಂಡಿದ್ದ.

ತಂಡ ಫೈನಲ್ ಮುಟ್ಟಿತು. ಮೊದಲರ್ಧದಲ್ಲಿ ಬ್ಯಾಡಗಿಯವರದೇ ಒಂದು ಗೋಲು. ಅಷ್ಟರಲ್ಲಿ ಪ್ರವೀಣಕುಮಾರನ ಕೈಗವಸು ಹರಿದುಹೋಗಿತ್ತು. ವಿರಾಮದಲ್ಲಿ ಮೈಲಾರಪ್ಪ ತಾನು ತಂದಿದ್ದ ಚೀಲದ ತಳಕ್ಕೆ ಕೈ ಹಾಕಿ ಇನ್ನೊಂದು ಜೊತೆ ತೆಗೆದುಕೊಟ್ಟ. ಅದು ಅಂಗಡಿಯ ಖಾಲಿ ಮೆಣಸಿನಕಾಯಿ ಚೀಲ. ಬಲೆ, ಚೆಂಡು ಒಯ್ಯಲು ಝಾಡಿಸಿ ತಂದಿದ್ದ. ಗವಸಿಗೆ ಉಗುಳು ಹಚ್ಚಿ ತಿಕ್ಕಿಕೊಳ್ಳುವುದು ಪ್ರವೀಣಕುಮಾರನ ರೂಢಿ. ಹಾಗೆಯೇ ಮಾಡಿ ಗೋಲಿಗೆ ಹೋಗಿ ನಿಂತ. ಸ್ವಲ್ಪ ಹೊತ್ತಿಗೆ ಹಣೆಯ ಬೆವರು ಕಣ್ಣಿಗಿಳಿಯಿತು, ಗವಸಿನಿಂದಲೇ ಒರೆಸಿಕೊಂಡ.

ಎದುರಾಳಿ ಚೆಂಡು ಹೊಡೆದಾಗ ಅವನು ಎರಡೂ ಕೈಯಲ್ಲಿ ಮುಖ ಮುಚ್ಚಿಕೊಂಡು ಕುಕ್ಕರಿಸಿದ್ದ. ಚೆಂಡು ಗೋಲಿನೊಳಗೆ ಹೋಯಿತು, ಜನ ನಕ್ಕರು. ಬದಲಿ ಗೋಲ್‌ಕೀಪರ್ ಇರಲಿಲ್ಲ. ನೀರು ಹಾಕಿಸಿಕೊಂಡು, ಕಣ್ಣು ಕಿರಿದು ಮಾಡಿ ನಿಂತ. ಮತ್ತೊಂದು ಗೋಲಾಯಿತು. ಸೋತರು.

ಪಂದ್ಯ ಮುಗಿದ ಮೇಲೆ ಮೈಲಾರಪ್ಪ ನೆಲದ ಮೇಲಿದ್ದ ಗವಸನ್ನು ಮೂಸಿದ. ಏನೂ ಗೊತ್ತಾಗಲಿಲ್ಲ. ನಾಲಿಗೆಗೆ ತಾಗಿಸಿದ. ಸುಟ್ಟಿತು. ಅಷ್ಟರಲ್ಲಿ ಸಾಹೇಬರು ಅಲ್ಲಿಗೇ ಬಂದು, ಗೆಲ್ಲುವ ಪಂದ್ಯ ಹೀಗೇಕೆ ಆಯಿತು ಎಂದು ಕೇಳಿದರು. ಸಾಮಾನು ಜೋಪಾನ ಮಾಡಲು ಬಾರದವನನ್ನು ಅವರು ಹತ್ತಿರ ಸೇರಿಸುವುದಿಲ್ಲವೆಂದು ಎಲ್ಲರಿಗೂ ಗೊತ್ತಿತ್ತು. ಎರಡು ಮಾರು ದೂರದಲ್ಲಿ ಪ್ರವೀಣಕುಮಾರ ಕಣ್ಣಿಗೆ ಒದ್ದೆ ಟವೆಲ್ ಒತ್ತಿಕೊಂಡು ಕುಳಿತಿದ್ದ.

“ಹುಡುಗ ಅಂಜಿದ್ನ್ರಿ ಸಾಹೇಬ್ರ,” ಎಂದ ಮೈಲಾರಪ್ಪ. “ಮಂದಿ ನೋಡಿ ಕೈಕಾಲು ಬಿಟ್ಟಾ.”

“ಹಂಗಾದ್ರ ನಿಮ್ಮ ತಪ್ಪೇನೈತ್ರಿ. ನೀವು ಕಲಿಸಿದ್ದು ಆಟದಾಗ ಕಂಡೇವಲ್ಲ.”

ತಿಂಗಳೊಳಗೆ ಆದೇಶ ಬಂತು. ಗುಡದಪ್ಪನವರು ಅಂಗಡಿಯಲ್ಲೇ ಶಾಲು ಹೊದಿಸಿ, ಇವನು ನಮ್ಮಲ್ಲಿ ತಯಾರಾದವನು ಎಂದು ಎಲ್ಲರ ಮುಂದೆ ಹೇಳಿದರು. ಅದೇ ಪೇಟೆಯಲ್ಲಿ ಹಮಾಲರು ಲಾರಿಯಿಂದ ಚೀಲ ಇಳಿಸುವಾಗೆಲ್ಲ, “ಪ್ರವ್ಯಾ, ಮುಖ ಮುಚ್ಕೋ,” ಎಂದು ನಗುತ್ತಿದ್ದರು. ಅವನು ಬಯಲಿಗೆ ಬರುವುದನ್ನು ಬಿಟ್ಟ.

ಮರುವರ್ಷ ಜಿಲ್ಲಾ ತಂಡ ಆರಿಸುವ ಕೆಲಸವೂ ಮೈಲಾರಪ್ಪನ ಪಾಲಿಗೆ ಬಂತು. ಹಾವೇರಿಯಲ್ಲಿ ಹುಡುಕಿದರೂ ಗೋಲು ಕಾಯುವವನು ಸಿಗಲಿಲ್ಲ. ಬ್ಯಾಡಗಿಗೆ ಹೋದ. ಪ್ರವೀಣಕುಮಾರ ಲಾರಿಯ ಹಿಂದೆ ನಿಂತಿದ್ದ.

“ನಿನ್ನ ಹೆಸರು ಹಾಕೇನಿ. ನಾಳೆ ಹಾವೇರಿಗೆ ಬಾ.”

“ಬ್ಯಾಡ್ರಿ ಸರ್. ಅಂಜೋ ಮನಶ್ಯಾ ನಾನು.”

“ಅವತ್ತು ಆ ಕೈಗವಸಿನಾಗ...”

“ಗೊತ್ತೈತ್ರಿ. ನೀವು ನಾಲಿಗಿಗೆ ಹಚ್ಚಿದ್ದು ಒಂದು ಕಣ್ಣೀಲೆ ಕಂಡಿದ್ದೆ. ಸಾಹೇಬ್ರ ಮುಂದ ಹೇಳ್ತೀರಿ ಅಂತ ಕುಂತಿದ್ದೆ.” ಅವನು ಬೆನ್ನು ಬಾಗಿಸಿದ. “ಸ್ವಲ್ಪ ಸರೀರಿ, ಚೀಲ ಬೀಳತೈತಿ.”

ಮೈಲಾರಪ್ಪ ಸರಿದು ನಿಂತ. ಹಾವೇರಿಯ ಬಸ್ಸಿನಲ್ಲಿ ಕುಳಿತಾಗ, ನಾಳೆ ಸಾಹೇಬರಿಗೆ ಎಲ್ಲವನ್ನೂ ಹೇಳಿಬಿಡಬೇಕು ಎಂದುಕೊಂಡ. ಹೇಗೆ ಶುರು ಮಾಡುವುದೆಂದು ಮನಸ್ಸಿನಲ್ಲೇ ಮಾತು ಜೋಡಿಸುತ್ತ ಹೋದ.

ಬೆಳಗ್ಗೆ ಸಾಹೇಬರೇ ಕೇಳಿದರು. ಗುತ್ತಿಗೆ ಮುಂದುವರಿಸುವ ಕಾಗದಕ್ಕೆ ಅವರ ಸಹಿ ಇನ್ನೂ ಆಗಿರಲಿಲ್ಲ.

“ಏನಂದ್ರಿ ನಿಮ್ಮ ಬ್ಯಾಡಗಿ ಹುಡುಗ? ಅಂಜಿಕಿ ಇನ್ನೂ ಹೋಗಿಲ್ಲೇನು?”

“ಇಲ್ರಿ,” ಎಂದ ಮೈಲಾರಪ್ಪ. “ಇನ್ನೂ ಹೋಗಿಲ್ರಿ.”