ನಾಲ್ಕರಲ್ಲಿ ಒಂದು ಪಾಳಿ

ಕೊರೊನಾ ಹಾವಳಿ ಇಳಿದ ಮರುವರ್ಷ ನಾನು ರಾಯಬಾಗ ತಾಲ್ಲೂಕಿನ ಆಸ್ಪತ್ರೆಯೊಂದರಲ್ಲಿ ಮಕ್ಕಳ ವೈದ್ಯನಾಗಿದ್ದೆ. ದಿಗ್ಗೇವಾಡಿ ಕಡೆಯ ರೈತ ಮಹಾದೇವ ಮತ್ತು ಅವನ ಹೆಂಡತಿ ಸುನಂದಾ ತಮ್ಮ ಎರಡು ವರ್ಷದ ಮಗಳು ಅಕ್ಷತಾಳನ್ನು ಕರೆತಂದರು. ಮಗು ಸುಣ್ಣದಂತೆ ಬಿಳಿಚಿಕೊಂಡಿತ್ತು. ಪರೀಕ್ಷೆಯಲ್ಲಿ ಥಲಸ್ಸೇಮಿಯಾ ಎಂದು ಬಂತು. ಈ ಕಾಯಿಲೆಯ ಮಕ್ಕಳ ದೇಹ ಸಾಕಷ್ಟು ರಕ್ತ ತಯಾರಿಸುವುದಿಲ್ಲ. ಮೂರು ನಾಲ್ಕು ವಾರಕ್ಕೊಮ್ಮೆ ಹೊರಗಿನಿಂದ ಏರಿಸಲೇಬೇಕು.

ಸುನಂದಾ ಮಹಾದೇವನ ಸ್ವಂತ ಅಕ್ಕನ ಮಗಳು. ಒಂದೇ ಮನೆತನದ ರಕ್ತವಾದ್ದರಿಂದ ಒಂದೇ ದೋಷ ಇಬ್ಬರಲ್ಲೂ ಅಡಗಿತ್ತು. ಮೇಜಿನ ಮೇಲೆ ಎರಡು ಬಿಳಿ, ಎರಡು ಕೆಂಪು ಮಾತ್ರೆ ಇಟ್ಟು ವಿವರಿಸಿದೆ. ಕೆಂಪು ಎಂದರೆ ದೋಷ. ತಂದೆಯಲ್ಲಿ ಒಂದು ಬಿಳಿ, ಒಂದು ಕೆಂಪು, ತಾಯಿಯಲ್ಲೂ ಹಾಗೆಯೇ. ಕೂಸಿಗೆ ಇಬ್ಬರಿಂದಲೂ ಒಂದೊಂದು ಬರುತ್ತದೆ. ಬಿಳಿ-ಬಿಳಿ, ಬಿಳಿ-ಕೆಂಪು, ಕೆಂಪು-ಬಿಳಿ, ಕೆಂಪು-ಕೆಂಪು: ನಾಲ್ಕೂ ದಾರಿಗಳಿಗೆ ಸಮಾನ ಅವಕಾಶ, ಕಾಯಿಲೆ ಕೊನೆಯದರಲ್ಲಿ ಮಾತ್ರ. ಮತ್ತೆ ಬಸಿರಾದರೆ ಮೂರು ತಿಂಗಳೊಳಗೆ ಬನ್ನಿ, ಹೊಟ್ಟೆಯಲ್ಲಿರುವಾಗಲೇ ಪರೀಕ್ಷೆ ಮಾಡಿಸೋಣ ಎಂದೆ.

“ನಾಕರಾಗ ಒಂದು. ತಿಳೀತ್ರಿ ಸಾಹೇಬ್ರ,” ಎಂದ ಮಹಾದೇವ.

ರಕ್ತ ಏರಿಸಲು ಅವರು ಮಿರಜಕ್ಕೆ ಹೋಗುತ್ತಿದ್ದರು. ಹೀಗಾಗಿ ಬಹಳ ದಿನ ಅವರ ಮುಖ ನೋಡಲಿಲ್ಲ. ಮತ್ತೆ ಬಂದಾಗ ನಾಲ್ಕು ವರ್ಷದ ಅಕ್ಷತಾ ಬೆಂಚಿನ ಮೇಲೆ ಕೂತಿದ್ದಳು, ಸುನಂದಾಳ ಮಡಿಲಲ್ಲಿ ಎಂಟು ತಿಂಗಳ ಗಂಡು ಕೂಸಿತ್ತು. ಅದರ ರೆಪ್ಪೆ ಎಳೆದು ನೋಡಿದೆ. ಒಳಗೆ ಕೆಂಪೇ ಇರಲಿಲ್ಲ.

ನನ್ನ ನಾಲಿಗೆ ಮೊದಲೇ ಖಾರ. “ಮೂರ ತಿಂಗಳೊಳಗ ಬರ್ರಿ ಅಂದಿದ್ನಲ್ಲ, ಯಾಕ ಬರಲಿಲ್ಲ?” ಎಂದು ರೇಗಿದೆ.

ಮಹಾದೇವ ತಲೆ ಎತ್ತಲಿಲ್ಲ. “ನಮ್ಮ ಬಾಂವಿ ನಾಕ ಮಂದಿ ಅಣ್ತಮ್ಮಂದ್ರದು ಐತ್ರಿ. ನೀರಿನ ಪಾಳಿ ಒಮ್ಮೆ ನಮ್ಮ ಹೊಲಕ್ಕ ಬಂದು ಹೋತಂದ್ರ, ಉಳದ ಮೂರು ಮಂದೀದು ಮುಗದ ಮ್ಯಾಲೇ ಮತ್ತ ನಮಗ. ಅಕ್ಷತಾ ಹುಟ್ಟಿದಾಗ ಕೆಟ್ಟ ಪಾಳಿ ಮುಗೀತು, ಇನ್ನ ಮೂರೂ ಚಲೋ ಅದಾವ ಅಂತ ತಿಳಕೊಂಡ್ವಿರಿ.”

ಸಿಟ್ಟೆಲ್ಲ ಇಳಿದುಹೋಯಿತು. ಪ್ರತಿ ಬಸಿರಿಗೂ ನಾಲ್ಕು ದಾರಿಗಳು ಹೊಸದಾಗಿಯೇ ತೆರೆಯುತ್ತವೆ ಎಂದು ಮತ್ತೆ ಹೇಳಿದೆ.

“ಹಂಗಾದ್ರ ಮುಂದಿಂದೂ ಹಿಂಗ ಆಗಬಹುದೇನ್ರಿ?” ಎಂದಳು ಸುನಂದಾ.

“ಆಗಬಹುದು ತಂಗಿ, ಆಗದನೂ ಇರಬಹುದು. ಹಿಂದ ಏನಾಗೈತಿ ಅನ್ನೂದು ಮುಂದಿನ ಕೂಸಿಗೆ ಗೊತ್ತಿರೂದಿಲ್ಲ.”

ಅವಳು ಸೆರಗು ಬಾಯಿಗೆ ಒತ್ತಿಕೊಂಡಳು. ಪಾಳಿ ಎಂಬುದು ಮನುಷ್ಯರು ಒಬ್ಬರಿಗೊಬ್ಬರು ಕೊಟ್ಟುಕೊಂಡ ಮಾತು. ಸಂಭವನೀಯತೆ ಯಾರಿಗೂ ಮಾತು ಕೊಟ್ಟಿಲ್ಲ. ನ್ಯಾಯವಾಗಿ ಬದುಕುವವರಿಗೆ ಅದನ್ನು ತಿಳಿಸಿ ಹೇಳುವುದೇ ನನ್ನ ವೃತ್ತಿಯ ಕಷ್ಟದ ಕೆಲಸವೆಂದು ಅಂದು ಅರಿತೆ.

ನರ್ಸ್ ರಕ್ತ ತೆಗೆಯಲು ಸೂಜಿ ಹಿಡಿದು ಬಂದಳು. ಅಕ್ಷತಾ ಬೆಂಚಿನಿಂದ ಇಳಿದು ತಮ್ಮನ ಕೈ ಹಿಡಿದುಕೊಂಡಳು.

“ಅಳಬ್ಯಾಡೋ,” ಎಂದಳು. “ಆಮ್ಯಾಲೆ ರೂಢಿ ಆಗತೈತಿ.”